ಹೆಸರು: ಇಟ್ಟವರ ಹೊಣೆ, ಹೊತ್ತವರ ಹೊಣೆ

ಮನೆಯಲ್ಲಿ ಮಗು ಹುಟ್ಟಿದ ಸುದ್ದಿ ತಿಳಿದೊಡನೆ ನೆಂಟರೂ ನೆರೆಯವರೂ ಕೇಳುವ ಪ್ರಶ್ನೆಗಳು ಎರಡು. ಗಂಡೋ ಹೆಣ್ಣೋ? ಏನು ಹೆಸರಿಡುತ್ತೀರಿ? ಮೊದಲನೆಯದರ ಉತ್ತರ ಅಲ್ಲಾಹನ ಕೈಯಲ್ಲಿದೆ. ಎರಡನೆಯದನ್ನು ಅವನು ನಮ್ಮ ಕೈಗೆ ಕೊಟ್ಟಿದ್ದಾನೆ. ಆದರೆ ನಮ್ಮ ಕೈಗೆ ಬಂದ ಈ ಕೆಲಸವನ್ನು ನಾವು ಎಷ್ಟು ಯೋಚಿಸಿ ಮಾಡುತ್ತೇವೆ? ತುಮಕೂರಿನ ಮಂಡಿಪೇಟೆಯಲ್ಲಾಗಲಿ, ಗುಬ್ಬಿಯಲ್ಲಾಗಲಿ, ಕುಣಿಗಲ್ಲಿನಲ್ಲಾಗಲಿ, ಹೊಸದಾಗಿ ಹೆಸರಿಟ್ಟ ತಂದೆತಾಯಿಯನ್ನು ಅದರ ಅರ್ಥವೇನೆಂದು ಕೇಳಿ ನೋಡಿರಿ. "ಕೇಳಲು ಚೆನ್ನಾಗಿತ್ತು, ಇಟ್ಟೆವು", "ನಮ್ಮ ಬೀದಿಯಲ್ಲಿ ಈ ಹೆಸರು ಬೇರೆ ಯಾರಿಗೂ ಇಲ್ಲ" ಎಂಬ ಉತ್ತರ ಬರುವುದೇ ಹೆಚ್ಚು.

ಒಂದು ಊರು ಕೂಡ ತನ್ನ ಹೆಸರಿನ ಬಗ್ಗೆ ಇಷ್ಟು ಉದಾಸೀನವಾಗಿರುವುದಿಲ್ಲ. 2014ರ ನವೆಂಬರ್ 1ರಂದು ಕರ್ನಾಟಕದ 12 ನಗರಗಳ ಹೆಸರುಗಳು ಅಧಿಕೃತವಾಗಿ ಸರಿಪಡಿಸಲ್ಪಟ್ಟವು. ಅವುಗಳಲ್ಲಿ ನಮ್ಮ ತುಮಕೂರೂ ಒಂದು. ಕನ್ನಡಿಗರು ಎಂದೂ 'ತುಮಕೂರು' ಎಂದೇ ಹೇಳುತ್ತಿದ್ದರು, ಆದರೆ ಇಂಗ್ಲಿಷ್ ಕಡತಗಳಲ್ಲಿ ಅದು 'ಟುಮ್ಕೂರ್' ಆಗಿ ಮೊಟಕಾಗಿತ್ತು. ಕಲ್ಲು ಮಣ್ಣಿನ ಊರನ್ನೇ ಸರಿಯಾದ ಹೆಸರಿನಿಂದ ಕರೆಯಬೇಕೆಂದು ಜನರು ಬಯಸಿದರೆ, ಆತ್ಮವಿರುವ, ನಾಳೆ ತನ್ನ ಪ್ರಭುವಿನ ಮುಂದೆ ನಿಲ್ಲಬೇಕಾದ ಮಗುವಿನ ಹೆಸರಿನ ಬಗ್ಗೆ ಎಷ್ಟು ಕಾಳಜಿ ಬೇಕು?

ಹೆಸರು ಒಂದು ಪ್ರಾರ್ಥನೆ

ಅಲ್ಲಾಹನು ಪ್ರಥಮ ಮಾನವ ಆದಮ್(ಅ)ರಿಗೆ ಹೆಸರುಗಳನ್ನು ಕಲಿಸಿದನೆಂದು ಪವಿತ್ರ ಕುರ್‌ಆನಿನ ಅಲ್‌ಬಕರ ಅಧ್ಯಾಯವು ತಿಳಿಸುತ್ತದೆ. ಹೆಸರಿಸುವ ಸಾಮರ್ಥ್ಯವೇ ಮನುಷ್ಯನಿಗೆ ದೊರೆತ ಮೊದಲ ವಿದ್ಯೆ. ಆದ್ದರಿಂದ ಮಗುವಿಗೆ ಹೆಸರಿಡುವಾಗ ತಂದೆತಾಯಿ ಆ ವಿದ್ಯೆಯನ್ನು ಬಳಸುತ್ತಿರುತ್ತಾರೆ. ಮಗು ತನಗೆ ಯಾವ ಹೆಸರು ಬೇಕೆಂದು ಹೇಳಲಾರದು. ಅದರ ಪರವಾಗಿ ನಾವು ನಿರ್ಧರಿಸುತ್ತೇವೆ. ಒಳ್ಳೆಯ ಹೆಸರು ಪಡೆಯುವುದು ಮಗುವಿನ ಹಕ್ಕು ಎಂದು ನಮ್ಮ ವಿದ್ವಾಂಸರು ಹೇಳಿರುವುದು ಇದಕ್ಕಾಗಿಯೇ.

ಸಲೀಮ್ ಎಂದರೆ ಸುರಕ್ಷಿತ, ಕೇಡಿಲ್ಲದವನು. ಸಾಲಿಹಾ ಎಂದರೆ ಸಜ್ಜನೆ. ಸಾಬಿರ್ ಎಂದರೆ ಸಹನಶೀಲ. ತಾಯಿ ದಿನಕ್ಕೆ ಎಷ್ಟು ಸಲ ಮಗುವನ್ನು ಕೂಗುತ್ತಾಳೋ ಅಷ್ಟು ಸಲ ಆ ಹಾರೈಕೆ ಅವಳ ಬಾಯಿಂದ ಬರುತ್ತದೆ. ಊಟಕ್ಕೆ ಕರೆಯುವಾಗಲೂ, ಗದರಿಸುವಾಗಲೂ ಅದೇ ಪ್ರಾರ್ಥನೆ. ಅರ್ಥ ತಿಳಿಯದೆ ಇಟ್ಟ ಹೆಸರಿನಲ್ಲಿ ಈ ಪ್ರಾರ್ಥನೆ ಇರುವುದಿಲ್ಲ. ಅದು ಬರೀ ಸದ್ದು.

ಕುರ್‌ಆನಿನಲ್ಲಿ ಹೆಸರಿನಿಂದ ಉಲ್ಲೇಖಿಸಲ್ಪಟ್ಟ ಏಕೈಕ ಮಹಿಳೆ ಮರ್ಯಮ್(ಅ). ಆ ಹೆಸರನ್ನು ಇಟ್ಟವರು ಯಾರು? ಅವರ ತಾಯಿ. ತನ್ನ ಹೊಟ್ಟೆಯಲ್ಲಿರುವುದನ್ನು ಅಲ್ಲಾಹನ ಸೇವೆಗೆ ಮೀಸಲಿಡುವೆನೆಂದು ಹರಕೆ ಹೊತ್ತಿದ್ದ ಆ ತಾಯಿ ಹೆತ್ತದ್ದು ಹೆಣ್ಣು ಮಗುವನ್ನು. ಅವರು ಮಗುವಿಗೆ ಮರ್ಯಮ್ ಎಂದು ತಾನೇ ಹೆಸರಿಟ್ಟರು, ಅವಳನ್ನೂ ಅವಳ ಸಂತತಿಯನ್ನೂ ಶೈತಾನನಿಂದ ರಕ್ಷಿಸಬೇಕೆಂದು ಬೇಡಿಕೊಂಡರು. ಆಲಿ ಇಮ್ರಾನ್ ಅಧ್ಯಾಯದಲ್ಲಿರುವ ಈ ವೃತ್ತಾಂತವನ್ನು ಮೂರನೆಯ ಹೆಣ್ಣು ಹುಟ್ಟಿತೆಂದು ಮುಖ ಸಣ್ಣದು ಮಾಡಿಕೊಳ್ಳುವ ಮನೆಯವರು ಮತ್ತೆ ಮತ್ತೆ ಓದಬೇಕು. ಗಂಡಾದರೆ ಇಡೋಣವೆಂದು ಆರಿಸಿಟ್ಟುಕೊಂಡ ಹೆಸರನ್ನು ಮಡಿಚಿಟ್ಟು, ಹೆಣ್ಣಿಗೆ ಬಾಯಿಗೆ ಬಂದದ್ದನ್ನು ಇಡುವವರಿಗೆ ಇಲ್ಲಿ ಪಾಠವಿದೆ. ಮಗಳ ಹೆಸರಿನಲ್ಲಿ ಸ್ವಾಗತವಿರಬೇಕು, ನಿರಾಶೆಯಿರಬಾರದು.

ಪ್ರವಾದಿವರ್ಯರು(ಸ) ಬದಲಿಸಿದ ಹೆಸರುಗಳು

ಇಸ್ಲಾಮ್ ಸ್ವೀಕರಿಸಿದವರೆಲ್ಲರ ಹೆಸರನ್ನೂ ಪ್ರವಾದಿವರ್ಯರು(ಸ) ಬದಲಿಸಲಿಲ್ಲ ಎಂಬುದನ್ನು ಗಮನಿಸಿರಿ. ಉಮರ್, ಹಂಝ, ಬಿಲಾಲ್, ಖದೀಜಾ ಇವೆಲ್ಲ ಇಸ್ಲಾಮಿಗೆ ಮೊದಲು ಅರಬರು ಇಟ್ಟ ಹೆಸರುಗಳೇ. ಅವು ಹಾಗೆಯೇ ಉಳಿದವು. ಅರ್ಥ ಕೆಟ್ಟದ್ದಾಗಿದ್ದಲ್ಲಿ, ಸೃಷ್ಟಿಗೆ ದಾಸ್ಯ ಸೂಚಿಸಿದಲ್ಲಿ, ಅಹಂಕಾರಕ್ಕೆ ಎಡೆಕೊಟ್ಟಲ್ಲಿ ಮಾತ್ರ ಅವರು ಬದಲಿಸಿದರು. ಉಮರ್(ರ)ರ ಮಗಳ ಹೆಸರು ಆಸಿಯಾ, ಅಂದರೆ ಆಜ್ಞೋಲ್ಲಂಘನೆ ಮಾಡುವವಳು ಎಂದಿತ್ತು. ಪ್ರವಾದಿವರ್ಯರು(ಸ) ಆಕೆಗೆ ಜಮೀಲಾ, ಅಂದರೆ ಸುಂದರಿ ಎಂದು ಹೆಸರಿಟ್ಟರು. ಬರ್ರಾ, ಅಂದರೆ ಪುಣ್ಯವತಿ ಎಂಬ ಹೆಸರಿನವರನ್ನು ಝೈನಬ್ ಎಂದು ಕರೆದರು. ನಾನೇ ಪುಣ್ಯವತಿ ಎಂದು ಸಾರಿಕೊಂಡಂತೆ ಆಗಬಾರದೆಂಬುದು ಅದರ ಉದ್ದೇಶ.

ಕುಣಿಗಲ್ ಟಿಪ್ಪು ಸುಲ್ತಾನರ ಕಾಲದಿಂದಲೂ ಕುದುರೆಗಳಿಗೆ ಪ್ರಸಿದ್ಧವಾದ ಊರು. ಅಲ್ಲಿನ ಕುದುರೆ ಫಾರಂ ಹೆಸರನ್ನು ಕೇಳದವರು ನಮ್ಮಲ್ಲಿ ವಿರಳ. ಕುದುರೆಗಳಿಗೆ ಹೆಸರಾದ ಒಬ್ಬ ಅರಬ್ ನಾಯಕರು ಕೂಡ ಪ್ರವಾದಿವರ್ಯರ(ಸ) ಬಳಿಗೆ ಬಂದಿದ್ದರು. ತಯ್ಯ್ ಗೋತ್ರದ ಅವರನ್ನು ಜನರು ಝೈದುಲ್ ಖೈಲ್, ಅಂದರೆ ಕುದುರೆಗಳ ಝೈದ್ ಎಂದು ಕರೆಯುತ್ತಿದ್ದರು. ಪ್ರವಾದಿವರ್ಯರು(ಸ) ಅವರನ್ನು ಝೈದುಲ್ ಖೈರ್, ಅಂದರೆ ಒಳಿತಿನ ಝೈದ್ ಎಂದು ಕರೆದರು. ಒಂದೇ ಅಕ್ಷರ ಬದಲಾಯಿತು. ಸಂಪತ್ತಿನಿಂದ ಗುರುತಿಸಲ್ಪಡುತ್ತಿದ್ದ ಮನುಷ್ಯ ಇನ್ನು ಮುಂದೆ ಒಳಿತಿನಿಂದ ಗುರುತಿಸಲ್ಪಡಬೇಕಾಯಿತು.

ಹಝ್ನ್ ಎಂಬವರ ಕಥೆ ಬೇರೆ. ಆ ಹೆಸರಿಗೆ ಒರಟು ನೆಲ ಎಂದರ್ಥ. ನೀವು ಸಹ್ಲ್, ಅಂದರೆ ಮೃದುವಾದವರು ಆಗಿರಿ ಎಂದು ಪ್ರವಾದಿವರ್ಯರು(ಸ) ಸೂಚಿಸಿದಾಗ, ತಂದೆ ಇಟ್ಟ ಹೆಸರನ್ನು ಬದಲಿಸಲಾರೆನೆಂದು ಅವರು ಹೇಳಿದರು. ಮುಂದೆ ಅವರ ಮೊಮ್ಮಗ, ಮದೀನಾದ ಹೆಸರಾಂತ ವಿದ್ವಾಂಸ ಸಈದ್ ಬಿನ್ ಮುಸಯ್ಯಬ್, ಆ ಒರಟುತನ ನಮ್ಮ ಮನೆತನದಲ್ಲಿ ಉಳಿದೇಬಿಟ್ಟಿತೆಂದು ಹೇಳಿದ್ದನ್ನು ಬುಖಾರಿ ಗ್ರಂಥವು ದಾಖಲಿಸಿದೆ.

ಇದರಿಂದ ಹೆಸರಿಗೆ ಮಾಂತ್ರಿಕ ಶಕ್ತಿ ಇದೆಯೆಂದು ಯಾರೂ ತಿಳಿಯಬಾರದು. ಮಗುವಿಗೆ ಪದೇ ಪದೇ ಜ್ವರ ಬಂತೆಂದು ಹೆಸರು ಬದಲಿಸುವುದು, ಹುಟ್ಟಿದ ಗಳಿಗೆ ನೋಡಿ ಇಂಥ ಅಕ್ಷರದಿಂದಲೇ ಹೆಸರು ಆರಂಭವಾಗಬೇಕೆನ್ನುವುದು, ಸಂಖ್ಯೆ ಕೂಡಿಸಿ ಕಳೆದು ಅದೃಷ್ಟ ಹುಡುಕುವುದು, ಇವೆಲ್ಲ ನಮ್ಮ ಮೊಹಲ್ಲಾಗಳಲ್ಲೂ ನುಸುಳಿವೆ. ಇವುಗಳಿಗೂ ಇಸ್ಲಾಮಿಗೂ ಸಂಬಂಧವಿಲ್ಲ. ಅಪಶಕುನದ ನಂಬಿಕೆಯನ್ನು ಪ್ರವಾದಿವರ್ಯರು(ಸ) ತಳ್ಳಿಹಾಕಿದ್ದಾರೆ. ಹೆಸರು ವಿಧಿಯನ್ನು ಬರೆಯುವುದಿಲ್ಲ. ಮನುಷ್ಯನಿಗೆ ಒಂದು ದಿಕ್ಕನ್ನು ತೋರಿಸುತ್ತದೆ. ನಡೆಯಬೇಕಾದವನು ಅವನೇ.

ಅರಬಿಯೇ ಆಗಿರಬೇಕೇ?

ಮುಸ್ಲಿಮರ ಹೆಸರು ಅರಬಿ ಭಾಷೆಯದ್ದೇ ಆಗಿರಬೇಕೆಂದು ಅನೇಕರು ಭಾವಿಸಿದ್ದಾರೆ. ಇಬ್ರಾಹೀಮ್, ಇಸ್‌ಹಾಕ್, ಯೂಸುಫ್, ಮೂಸಾ ಇವು ಮೂಲತಃ ಅರಬಿ ಹೆಸರುಗಳಲ್ಲ. ಕುರ್‌ಆನ್ ಅವನ್ನು ಗೌರವದಿಂದ ಉಳಿಸಿಕೊಂಡಿದೆ. ಪ್ರವಾದಿವರ್ಯರು(ಸ) ತಮಗೆ ಮದೀನಾದಲ್ಲಿ ಹುಟ್ಟಿದ ಮಗನಿಗೆ ಹುಟ್ಟಿದ ರಾತ್ರಿಯೇ ಇಬ್ರಾಹೀಮ್ ಎಂದು ತಮ್ಮ ಪೂರ್ವಜರ ಹೆಸರಿಟ್ಟರು.

ನಮ್ಮ ಹಳೆಯ ಮೈಸೂರು ಸೀಮೆಯ ಮನೆಗಳಲ್ಲಿ ಬಳಕೆಯಲ್ಲಿರುವ ಬಾನು, ಪರ್ವೀನ್, ಶಿರೀನ್, ಫಿರೋಝ್ ಮುಂತಾದವು ಪಾರಸಿ. ಬಾನು ಎಂದರೆ ಗೃಹಿಣಿ, ಗೌರವಾನ್ವಿತ ಮಹಿಳೆ. ಪರ್ವೀನ್ ಎಂದರೆ ಕೃತ್ತಿಕಾ ನಕ್ಷತ್ರಪುಂಜ. ಶಿರೀನ್ ಎಂದರೆ ಸಿಹಿ. ಬೇಗಂ, ಖಾನ್ ಇವು ತುರ್ಕಿ ಮೂಲದವು. ಮೆಹರುನ್ನಿಸಾ ಎಂಬ ಒಂದು ಹೆಸರಿನಲ್ಲೇ ಪಾರಸಿಯ ಸೂರ್ಯನೂ ಅರಬಿಯ ಸ್ತ್ರೀಯರೂ ಕೂಡಿದ್ದಾರೆ. ಅಜ್ಜಿಯ ಇಂಥ ಹೆಸರನ್ನು ಕೇಳಿ ಮೊಮ್ಮಕ್ಕಳು ನಗುವುದುಂಟು. ಅದರ ಅರ್ಥ ತಿಳಿದರೆ ನಗಲಾರರು.

ಹೊಸ ಹೆಸರು ಬೇಕೆಂದು ಹಂಬಲಿಸುವವರು ಇನ್ನೊಂದನ್ನೂ ತಿಳಿಯಬೇಕು. ಇಂದು ಬಹಳ ಜನ ಮೆಚ್ಚಿ ಇಡುವ ಹೆಸರು ರೈಹಾನ್. ಸುವಾಸನೆಯ ಗಿಡವೆಂದು ಅದರ ಅರ್ಥ. ಅರ್‌ರಹ್ಮಾನ್ ಅಧ್ಯಾಯದಲ್ಲಿ ಆ ಪದವಿದೆ. ನಮ್ಮ ಜಿಲ್ಲೆಯ ಶಿರಾಕ್ಕೆ ಹೋಗಿ ನೋಡಿರಿ. ಹದಿನೇಳನೆಯ ಶತಮಾನದಲ್ಲಿ ಬಿಜಾಪುರದ ಆದಿಲ್‌ಶಾಹಿಗಳ ಪರವಾಗಿ ಅಲ್ಲಿ ಆಡಳಿತ ನಡೆಸಿದ ಮಲಿಕ್ ರಿಹಾನರ ಸಮಾಧಿ ಅಲ್ಲಿದೆ. ಹೊಸತೆಂದು ನಾವು ತಂದ ಹೆಸರು ಮುನ್ನೂರು ವರ್ಷಗಳಿಗೂ ಹಿಂದೆಯೇ ಈ ಮಣ್ಣಿಗೆ ಬಂದಿತ್ತು.

ಎಲ್ಲ ಪದವೂ ಹೆಸರಲ್ಲ

ಕುರ್‌ಆನಿನಲ್ಲಿ ಇರುವ ಪದವೆಂಬ ಒಂದೇ ಕಾರಣಕ್ಕೆ ಹೆಸರಿಡುವುದು ಈಗ ಹೆಚ್ಚಾಗಿದೆ. ಭಕ್ತಿ ಒಳ್ಳೆಯದೇ, ಆದರೆ ಅರಿವಿಲ್ಲದ ಭಕ್ತಿ ದಾರಿ ತಪ್ಪಿಸುತ್ತದೆ. ಕೆಲವರು ಹೆಣ್ಣುಮಕ್ಕಳಿಗೆ ಅನ್ಅಮ್ತ ಎಂದು ಹೆಸರಿಡುತ್ತಾರೆ. ಅಲ್‌ಫಾತಿಹಾದಲ್ಲಿ ಬರುವ ಆ ಪದಕ್ಕೆ ನೀನು ಅನುಗ್ರಹಿಸಿದೆ ಎಂದರ್ಥ. ಅದು ಹೆಸರಲ್ಲ, ಅಲ್ಲಾಹನನ್ನು ಉದ್ದೇಶಿಸಿದ ಕ್ರಿಯಾಪದ. ರಾಇನಾ ಎಂಬ ಪದವೂ ಕುರ್‌ಆನಿನಲ್ಲಿದೆ, ಆದರೆ ಅದನ್ನು ಹೇಳಬೇಡಿರೆಂದು ವಿಶ್ವಾಸಿಗಳಿಗೆ ಆಜ್ಞಾಪಿಸಲಾದ ಸೂಕ್ತದಲ್ಲಿದೆ. ಫಿರ್‌ಔನನ ಹೆಸರೂ ಕುರ್‌ಆನಿನಲ್ಲಿದೆ. ಅದನ್ನು ಯಾರಾದರೂ ಮಗನಿಗೆ ಇಟ್ಟಾರೇ?

ಇನ್ನೊಂದು ತೊಡಕು ಲಿಪಿಯದು. ಅರಬಿಯಲ್ಲಿ ಬೇರೆ ಬೇರೆಯಾದ ಅಕ್ಷರಗಳು ಕನ್ನಡದಲ್ಲಿ ಒಂದೇ ಆಗಿಬಿಡುತ್ತವೆ. ಅಲೀಮ್ ಎಂಬುದನ್ನು 'ಐನ್' ಅಕ್ಷರದಿಂದ ಬರೆದರೆ ಎಲ್ಲ ಬಲ್ಲವನು ಎಂದರ್ಥ, 'ಅಲಿಫ್'ನಿಂದ ಬರೆದರೆ ಯಾತನಾಮಯ ಎಂದರ್ಥ. ಆಸಿಯಾ ಎಂಬ ಹೆಸರೂ ಹೀಗೆಯೇ. ಫಿರ್‌ಔನನ ಅರಮನೆಯಲ್ಲಿದ್ದೂ ಸತ್ಯವಿಶ್ವಾಸವನ್ನು ಬಿಡದ ಆ ಮಹಾ ಸಾಧ್ವಿಯ ಹೆಸರು ಆಸಿಯಾ. ಪ್ರವಾದಿವರ್ಯರು(ಸ) ಬದಲಿಸಿದ ಹೆಸರೂ ಕನ್ನಡದಲ್ಲಿ ಆಸಿಯಾ! ಅರಬಿಯಲ್ಲಿ ಇವೆರಡರ ಅಕ್ಷರಗಳೇ ಬೇರೆ. ಆದ್ದರಿಂದ ಹೆಸರಿಡುವ ಮುನ್ನ ಅರಬಿ ಬಲ್ಲ ಒಬ್ಬರ ಬಳಿ ಅದನ್ನು ಬರೆಸಿ, ಓದಿಸಿ, ಅರ್ಥ ಕೇಳಿರಿ. ಮೊಬೈಲ್ ಫೋನಿನಲ್ಲಿ ಸಿಗುವ ಪಟ್ಟಿಗಳನ್ನು ಕಣ್ಣು ಮುಚ್ಚಿ ನಂಬಬೇಡಿರಿ.

ಅವಸರಪಡಬೇಕಾದ ಅಗತ್ಯವೂ ಇಲ್ಲ. ಹುಟ್ಟಿದ ದಿನವೂ ಹೆಸರಿಡಬಹುದು, ಏಳನೆಯ ದಿನ ಅಕೀಕದೊಂದಿಗೂ ಇಡಬಹುದು. 1969ರ ಜನನ ಮತ್ತು ಮರಣ ನೋಂದಣಿ ಕಾಯ್ದೆಯ ಪ್ರಕಾರ ಹೆಸರಿಲ್ಲದೆ ಜನನ ನೋಂದಣಿಯಾಗಿದ್ದರೂ 12 ತಿಂಗಳೊಳಗೆ ಶುಲ್ಕವಿಲ್ಲದೆ ಹೆಸರು ಸೇರಿಸಬಹುದು. ಕನ್ನಡದಲ್ಲೂ ಇಂಗ್ಲಿಷಿನಲ್ಲೂ ಕಾಗುಣಿತವನ್ನು ಒಮ್ಮೆ ನಿಶ್ಚಯಿಸಿ, ಶಾಲೆಯ ದಾಖಲೆಯಿಂದ ಆಧಾರ್, ಪಾಸ್‌ಪೋರ್ಟ್‌ವರೆಗೆ ಅದನ್ನೇ ಉಳಿಸಿರಿ. ಒಂದು ಕಡೆ ಮುಹಮ್ಮದ್, ಇನ್ನೊಂದು ಕಡೆ ಎಂ.ಡಿ., ಮತ್ತೊಂದು ಕಡೆ ಬರೀ ಎಂ. ಎಂದಾದರೆ ಮಗು ದೊಡ್ಡವನಾದ ಮೇಲೆ ಕಚೇರಿಯಿಂದ ಕಚೇರಿಗೆ ಅಲೆಯಬೇಕಾಗುತ್ತದೆ.

ದಾಸನನ್ನು ಬಿಟ್ಟು ಒಡೆಯನನ್ನು ಕರೆಯುವುದು

ಅಲ್ಲಾಹನಿಗೆ ಅತ್ಯಂತ ಪ್ರಿಯವಾದ ಹೆಸರುಗಳು ಅಬ್ದುಲ್ಲಾ ಮತ್ತು ಅಬ್ದುರ್ರಹ್ಮಾನ್ ಎಂದು ಮುಸ್ಲಿಮ್ ಗ್ರಂಥದ ಹದೀಸಿನಲ್ಲಿದೆ. ಅಲ್ಲಾಹನ ದಾಸ, ಪರಮ ಕರುಣಾಮಯಿಯ ದಾಸ. ಆದರೆ ಈ ಹೆಸರುಗಳನ್ನು ನಾವು ಬೀದಿಯಲ್ಲಿ ಹೇಗೆ ಕತ್ತರಿಸುತ್ತೇವೆ ನೋಡಿರಿ. ಅಬ್ದುಲ್ ಖಾಲಿಕ್ 'ಖಾಲಿಕ್' ಆಗುತ್ತಾನೆ. ಅಬ್ದುರ್ರಹ್ಮಾನ್ 'ಏ ರೆಹಮಾನ್' ಆಗುತ್ತಾನೆ. ಖಾಲಿಕ್ ಎಂದರೆ ಸೃಷ್ಟಿಕರ್ತ. ಒಬ್ಬ ಹುಡುಗನನ್ನು ಸೃಷ್ಟಿಕರ್ತನೆಂದು ಕೂಗಿ ಟೀ ತರಲು ಕಳಿಸುವುದು ಎಂಥ ವಿಪರ್ಯಾಸ! ಇನ್ನು ಕೆಲವರು ಹಿಂದಿನ ಭಾಗವನ್ನು ಬಿಟ್ಟು 'ಅಬ್ದುಲ್' ಎಂದಷ್ಟೇ ಕರೆಯುತ್ತಾರೆ. ಯಾರ ದಾಸನೆಂದು ಹೇಳದೆ ನಿಂತುಹೋದ ಅರ್ಧ ಮಾತು ಅದು.

ಎಲ್ಲ ಹೆಸರುಗಳೂ ಹೀಗಲ್ಲ. ಕರೀಮ್, ರಶೀದ್, ಅಲಿ, ರಹೀಮ್ ಮೊದಲಾದವುಗಳನ್ನು ಮನುಷ್ಯರಿಗೂ ಹೇಳಬಹುದು. ಅತ್ತೌಬ ಅಧ್ಯಾಯದ ಕೊನೆಯಲ್ಲಿ ಪ್ರವಾದಿವರ್ಯರನ್ನೇ(ಸ) ರಹೀಮ್ ಎಂದು ವರ್ಣಿಸಲಾಗಿದೆ. ಆದರೆ ಅಲ್ಲಾಹ್, ರಹ್ಮಾನ್, ಖಾಲಿಕ್‌ನಂಥ ಹೆಸರುಗಳು ಅವನಿಗೆ ಮಾತ್ರ ಸಲ್ಲುವಂಥವು. ಅಬುಲ್ ಹಕಮ್, ಅಂದರೆ ತೀರ್ಪುಗಾರನ ತಂದೆ ಎಂದು ಕರೆಯಲ್ಪಡುತ್ತಿದ್ದ ಒಬ್ಬರನ್ನು ಪ್ರವಾದಿವರ್ಯರು(ಸ) ವಿಚಾರಿಸಿದರು. ಜನರ ಜಗಳಗಳನ್ನು ಇಬ್ಬರಿಗೂ ಒಪ್ಪುವಂತೆ ತೀರಿಸುತ್ತೇನೆ, ಅದಕ್ಕೆ ಈ ಹೆಸರು ಎಂದರು ಅವರು. ಪ್ರವಾದಿವರ್ಯರು(ಸ) ಆ ಕೆಲಸವನ್ನು ಮೆಚ್ಚಿದರು. ಆದರೆ ಹಕಮ್ ಎಂಬುದು ಅಲ್ಲಾಹನೇ ಎಂದು ತಿಳಿಸಿ, ಅವರ ಹಿರಿಯ ಮಗ ಶುರೈಹ್‌ರ ಹೆಸರಿನಿಂದ ಅವರನ್ನು ಅಬೂ ಶುರೈಹ್ ಎಂದು ಕರೆದರು. ಕೆಲಸವನ್ನು ಉಳಿಸಿ, ಹೆಸರನ್ನು ತಿದ್ದಿದ ಈ ನಯವನ್ನು ನಾವೂ ಕಲಿಯಬೇಕು.

ಅಡ್ಡಹೆಸರಿನ ಪಾಪ

ಒಳ್ಳೆಯ ಹೆಸರಿಟ್ಟು ಕೆಟ್ಟ ಹೆಸರಿನಿಂದ ಕರೆದರೆ ಏನು ಪ್ರಯೋಜನ? ಕುಂಟ ಪಾಷ, ಕರಿಯ ರಶೀದ, ತೊದಲು ಬಾಬು. ಹೀಗೆ ಕರೆಯುವುದನ್ನು ನಾವು ತಮಾಷೆಯೆಂದು ತಿಳಿದಿದ್ದೇವೆ. ಅಲ್‌ಹುಜುರಾತ್ ಅಧ್ಯಾಯದ 11ನೆಯ ಸೂಕ್ತವು ಪರಸ್ಪರ ಅಪಹಾಸ್ಯ ಮಾಡುವುದನ್ನೂ ಅಡ್ಡಹೆಸರುಗಳಿಂದ ಕರೆಯುವುದನ್ನೂ ನಿಷೇಧಿಸಿದೆ, ಹಾಗೆ ಮಾಡಿ ಪಶ್ಚಾತ್ತಾಪ ಪಡದವರನ್ನು ಅಕ್ರಮಿಗಳೆಂದು ಕರೆದಿದೆ. ಮದ್ಯ ಮುಟ್ಟದ, ಬಡ್ಡಿ ತಿನ್ನದ ಎಷ್ಟೋ ಮಂದಿ ಈ ಪಾಪವನ್ನು ದಿನವೂ ಮಸೀದಿಯ ಮೆಟ್ಟಿಲ ಮೇಲೆಯೇ ಮಾಡುತ್ತಾರೆ.

ಪ್ರೀತಿಯ ಹೆಸರಿಗೆ ಅಡ್ಡಿಯಿಲ್ಲ. ಗುಬ್ಬಿ ಎಂಬ ಊರಿನ ಹೆಸರು ಕೇಳಿದರೆ ಆ ಪುಟ್ಟ ಹಕ್ಕಿ ನೆನಪಾಗುತ್ತದಲ್ಲವೇ? ಮದೀನಾದಲ್ಲಿಯೂ ಒಬ್ಬ ಚಿಕ್ಕ ಹುಡುಗ ಗುಬ್ಬಿಯಂಥ ಪುಟ್ಟ ಹಕ್ಕಿಯನ್ನು ಸಾಕಿದ್ದ. ಅದು ಸತ್ತು ಅವನು ಬೇಸರದಲ್ಲಿದ್ದಾಗ ಪ್ರವಾದಿವರ್ಯರು(ಸ) ಆ ಮಗುವನ್ನು ದೊಡ್ಡವರನ್ನು ಕರೆಯುವಂತೆ ಅಬೂ ಉಮೈರ್ ಎಂದು ಗೌರವದಿಂದ ಕರೆದು, ಪ್ರಾಸ ಸೇರಿಸಿ ಹಕ್ಕಿಯ ಬಗ್ಗೆ ವಿಚಾರಿಸಿದರು. ಬೆಕ್ಕಿನ ಮರಿಯನ್ನು ಪ್ರೀತಿಸುತ್ತಿದ್ದ ಅನುಚರರಿಗೆ ಅಬೂ ಹುರೈರಾ ಎಂಬ ಹೆಸರು ಉಳಿಯಿತು. ಕೇಳಿದವನ ಮುಖ ಅರಳಿದರೆ ಅದು ಪ್ರೀತಿಯ ಹೆಸರು. ಬಾಡಿದರೆ ಅದು ಪಾಪ. ಇದಕ್ಕಿಂತ ಸುಲಭವಾದ ಅಳತೆಗೋಲು ಬೇರೆ ಬೇಡ.

ನೆರೆಹೊರೆ ಇಡುವ ಹೆಸರು

ಈಗ ಮುಖ್ಯ ಮಾತಿಗೆ ಬರೋಣ. ಖದೀಜಾ ಎಂದರೆ ಅವಧಿಗೆ ಮುನ್ನ ಹುಟ್ಟಿದವಳು. ಉಸ್ಮಾನ್ ಎಂದರೆ ಒಂದು ಹಕ್ಕಿಯ ಮರಿ. ನಿಘಂಟಿನಲ್ಲಿ ನೋಡಿದರೆ ಇವುಗಳಲ್ಲಿ ಅಂಥ ದೊಡ್ಡ ಅರ್ಥವೇನೂ ಇಲ್ಲ. ಆದರೂ ಇಂದು ಜಗತ್ತಿನಾದ್ಯಂತ ತಾಯಂದಿರು ಹೆಮ್ಮೆಯಿಂದ ಈ ಹೆಸರುಗಳನ್ನು ಇಡುತ್ತಾರೆ. ಏಕೆ? ತನ್ನ ಸಂಪತ್ತನ್ನೆಲ್ಲ ಸತ್ಯಕ್ಕಾಗಿ ಸುರಿದ ಆ ಮಹಿಳೆಯಿಂದಾಗಿ, ಲಜ್ಜೆ ಮತ್ತು ಔದಾರ್ಯಕ್ಕೆ ಮಾದರಿಯಾದ ಆ ಖಲೀಫರಿಂದಾಗಿ. ಹೆಸರು ಅವರಿಗೆ ಗೌರವ ತರಲಿಲ್ಲ, ಅವರೇ ಹೆಸರಿಗೆ ಗೌರವ ತಂದರು.

ಇದು ನಮ್ಮ ನಾಡಿನಲ್ಲೂ ನಡೆದಿದೆ. ಶರೀಫ್ ಎಂದರೆ ಗೌರವಾನ್ವಿತ ಎಂಬುದು ಅರಬಿ ತಿಳಿದವರಿಗಷ್ಟೇ ಗೊತ್ತು, ಆದರೆ ಶಿಶುನಾಳ ಶರೀಫರೆಂದರೆ ಯಾರೆಂದು ಕನ್ನಡದ ಹಳ್ಳಿ ಹಳ್ಳಿಗೂ ಗೊತ್ತು. ನಿಸಾರ್ ಎಂದರೆ ಸಮರ್ಪಣೆ. ದೇವನಹಳ್ಳಿಯಲ್ಲಿ ಹುಟ್ಟಿದ ಕೆ.ಎಸ್. ನಿಸಾರ್ ಅಹಮದ್ ಅದನ್ನು ಕನ್ನಡಿಗರ ಮನೆಮಾತಾಗಿಸಿದರು. ಮುಷ್ತಾಕ್ ಎಂದರೆ ಹಂಬಲವುಳ್ಳವನು. ಹಾಸನದ ಬಾನು ಮುಷ್ತಾಕ್ ಅವರಿಗೆ 2025ರಲ್ಲಿ ಅಂತಾರಾಷ್ಟ್ರೀಯ ಬೂಕರ್ ಪ್ರಶಸ್ತಿ ಬಂದಾಗ ಪಾರಸಿಯ ಬಾನುವೂ ಅರಬಿಯ ಮುಷ್ತಾಕನೂ ಕನ್ನಡದ ಹೆಸರುಗಳೆಂದೇ ಜಗತ್ತು ಓದಿತು.

ಪ್ರವಾದಿವರ್ಯರಿಗೆ(ಸ) ಅಜ್ಜ ಇಟ್ಟ ಹೆಸರು ಮುಹಮ್ಮದ್, ಅಂದರೆ ಸ್ತುತ್ಯರ್ಹ. ಆದರೆ ಪ್ರವಾದಿತ್ವ ಬರುವುದಕ್ಕೂ ಮೊದಲೇ ಮಕ್ಕಾದ ಜನರು ಅವರಿಗೆ ಇನ್ನೊಂದು ಹೆಸರಿಟ್ಟಿದ್ದರು. ಅಲ್ ಅಮೀನ್, ಅಂದರೆ ಪ್ರಾಮಾಣಿಕ, ನಂಬಿಕಸ್ಥ. ಇದನ್ನು ಯಾವ ಸಮಾರಂಭದಲ್ಲೂ ಇಟ್ಟದ್ದಲ್ಲ. ವ್ಯಾಪಾರದಲ್ಲಿ, ಮಾತಿನಲ್ಲಿ, ಇಟ್ಟ ಒಡವೆಯನ್ನು ಹಾಗೆಯೇ ಹಿಂದಿರುಗಿಸುವುದರಲ್ಲಿ ಅವರನ್ನು ಕಂಡು ನೆರೆಹೊರೆಯವರು ಇಟ್ಟದ್ದು. ಮುಂದೆ ಅವರ ಸಂದೇಶವನ್ನು ವಿರೋಧಿಸಿದವರು ಕೂಡ ತಮ್ಮ ಒಡವೆಗಳನ್ನು ಅವರ ಬಳಿಯಲ್ಲೇ ಇಡುತ್ತಿದ್ದರು.

ಕನ್ನಡ ಭಾಷೆ ಈ ಸತ್ಯವನ್ನು ಚೆನ್ನಾಗಿ ಬಲ್ಲದು. ಹೆಸರಿಡುವುದು ಬೇರೆ, ಹೆಸರು ಗಳಿಸುವುದು ಬೇರೆ, ಹೆಸರು ಕೆಡಿಸುವುದು ಬೇರೆ. ಹೆಸರು ಕ್ಷೀರಸಾಗರ ಭಟ್ಟ, ಮನೆಯಲ್ಲಿ ಮಜ್ಜಿಗೆಗೂ ಗತಿಯಿಲ್ಲ ಎಂಬ ಗಾದೆ ನಮ್ಮನ್ನೂ ಚುಚ್ಚಬೇಕು. ಗುಬ್ಬಿಯ ಸಂತೆಯಲ್ಲಿ ಅಮೀನ್ ಎಂಬವರು ತೂಕದಲ್ಲಿ ಮೋಸ ಮಾಡಿದರೆ, ಕುಣಿಗಲ್ಲಿನಲ್ಲಿ ಆದಿಲ್ ಎಂಬವರು ತಂಗಿಯ ಪಾಲನ್ನು ನುಂಗಿದರೆ, ತುಮಕೂರಿನಲ್ಲಿ ಸಾದಿಕ್ ಎಂಬವರು ಸುಳ್ಳು ಸಾಕ್ಷಿ ಹೇಳಿದರೆ? ಅಮೀನ್ ನಂಬಿಕಸ್ಥ, ಆದಿಲ್ ನ್ಯಾಯವಂತ, ಸಾದಿಕ್ ಸತ್ಯವಂತ. ಅವರ ಹೆಸರೇ ಅವರ ವಿರುದ್ಧ ಸಾಕ್ಷಿಯಾಗಿ ನಿಲ್ಲುತ್ತದೆ.

ನಮಗೆಲ್ಲರಿಗೂ ನೆರೆಹೊರೆ ಒಂದು ಹೆಸರನ್ನು ಈಗಾಗಲೇ ಇಟ್ಟಿದೆ. 'ಸಾಬರು'. ಕೆಲವರು ಅದನ್ನು ಗೌರವದಿಂದ ಹೇಳುತ್ತಾರೆ, ಕೆಲವರು ತಾತ್ಸಾರದಿಂದ. ತಾತ್ಸಾರ ಕೇಳಿದಾಗ ನಮಗೆ ನೋವಾಗುವುದು ಸಹಜ. ಆದರೆ ಆ ಪದದ ಮೂಲವನ್ನು ತಿಳಿದಿರಿ. ಅದು ಸಾಹೇಬ್ ಎಂಬುದರಿಂದ ಬಂತು. ಸಾಹೇಬ್ ಎಂಬುದು ಅರಬಿಯ ಸಾಹಿಬ್, ಅಂದರೆ ಸಂಗಾತಿ. ಪ್ರವಾದಿವರ್ಯರ(ಸ) ಅನುಚರರಿಗೆ ಸಹಾಬಿಗಳೆಂಬ ಹೆಸರು ಬಂದದ್ದೂ ಇದೇ ಮೂಲದಿಂದ. ನಿಮ್ಮ ಪಕ್ಕದ ಹೊಲದ ರೈತ "ಏನ್ ಸಾಬ್ರೇ" ಎಂದು ಕರೆದಾಗ, ಅವನಿಗೆ ತಿಳಿಯದೆಯೇ, ನಿಮ್ಮನ್ನು ಸಂಗಾತಿ ಎಂದು ಕರೆದಿರುತ್ತಾನೆ. ಅವನ ಮನೆಯಲ್ಲಿ ಸಾವಾದಾಗ ನೀವು ಹೋದಿರಾ? ಅವನ ಹಸು ತಪ್ಪಿಸಿಕೊಂಡು ಬಂದಾಗ ಕಟ್ಟಿಹಾಕಿ ಒಪ್ಪಿಸಿದಿರಾ? ಕಷ್ಟದಲ್ಲಿ ಸಂಗಾತಿಯಾದಿರಾ? ಆ ಪದದ ತಾತ್ಸಾರವನ್ನು ತೊಳೆಯುವುದು ವಾದದಿಂದ ಆಗದು, ಅದರ ಮೂಲ ಅರ್ಥವನ್ನು ಬಾಳಿ ತೋರಿಸುವುದರಿಂದ ಆದೀತು.

ಆದ್ದರಿಂದ ಪ್ರಿಯ ಓದುಗರೇ, ಮುಂದಿನ ಸಲ ನಿಮ್ಮ ಮನೆಯಲ್ಲಿ ತೊಟ್ಟಿಲು ಕಟ್ಟಿದಾಗ ಅರ್ಥವುಳ್ಳ ಹೆಸರನ್ನು ಆರಿಸಿರಿ, ಮಗುವಿಗೆ ಮಾತು ಬಂದ ಮೇಲೆ ಅದರ ಅರ್ಥವನ್ನು ಹೇಳಿಕೊಡಿರಿ, ಆ ಅರ್ಥದಂತೆ ಬೆಳೆಸಿರಿ. ಈಗಾಗಲೇ ಹೆಸರು ಹೊತ್ತಿರುವ ನಾವು ನೀವು ಇಂದು ರಾತ್ರಿ ಮಲಗುವ ಮುನ್ನ ಒಮ್ಮೆ ನಮ್ಮ ಹೆಸರಿನ ಅರ್ಥವನ್ನು ನೆನೆದು, ಅದಕ್ಕೆ ಇಂದು ಏನು ಮಾಡಿದೆವೆಂದು ಕೇಳಿಕೊಳ್ಳೋಣ. ನಮ್ಮ ಹೆಸರು ನಮ್ಮ ಪರವಾಗಿ ಸಾಕ್ಷಿ ಹೇಳುವಂತೆ ಬಾಳುವ ಸೌಭಾಗ್ಯವನ್ನು ಅಲ್ಲಾಹನು ನಮಗೆಲ್ಲರಿಗೂ ಕರುಣಿಸಲಿ. ಆಮೀನ್.